ಒಂದು ಕಾರು, ಒಂದು ದಿನ, ಮೂರು ರಾಜಧಾನಿ

ಜಪಾನಿನ ಹಳ್ಳಿಯ ಒಂದಾದರೂ ವಿಡಿಯೊ ಈಗ ನಮ್ಮೆಲ್ಲರ ಫೋನಿನಲ್ಲಿ ಸೇವ್ ಆಗಿರುತ್ತೆ. ಹುಲ್ಲು ಹೊದಿಸಿದ ಎತ್ತರದ ಮಾಡು, ಅದರ ಮೇಲೆ ಹಿಮ, ಮನೆ ಮುಂದೆ ಗದ್ದೆ, ಹಿಂದೆ ಬೆಟ್ಟ. ಊರಿನ ಹೆಸರು ಶಿರಕಾವಾ-ಗೊ. 1995ರಿಂದ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಯಲ್ಲಿದೆ. ಅಂಥ ಊರು ನೋಡೋಕೆ ಹೋಗೋರಿಗೆ ಅಲ್ಲಿ ‘ಪ್ರೈವೇಟ್ ಡೇ ಟ್ರಿಪ್’ ಅಂತ ಸಿಗುತ್ತೆ. ಬೆಳಿಗ್ಗೆ ಒಂದು ಕಾರು, ಊರು ಗೊತ್ತಿರೋ ಡ್ರೈವರ್, ದಾರಿಯಲ್ಲಿ ಒಂದೆರಡು ಹಳೇ ಪೇಟೆ, ಬೆಟ್ಟದ ಹಳ್ಳಿಯಲ್ಲಿ ಊಟ, ಸಂಜೆಗೆ ವಾಪಸ್.

ಈ ಅಂಕಣದ ಓದುಗರೊಬ್ಬರು ಕೇಳಿದ್ದರು: “ಒಂದೇ ದಿನ ರಜೆ ಇದೆ. ಬಸ್ಸಿನ ತುಂಬಾ ಜನ ಬೇಡ, ಜಲಪಾತದ ಮುಂದೆ ಸೆಲ್ಫಿಗೆ ಕ್ಯೂ ನಿಲ್ಲೋದು ಬೇಡ. ನಮ್ಮ ಕಡೆ ಅಂಥದ್ದೇನಾದ್ರೂ ಇದೆಯಾ?”

ಇದೆ. ಬೆಳಿಗ್ಗೆ ಸಾಗರದಲ್ಲಿ ಕಾರು ಹತ್ತಿ, ಕೆಳದಿ, ಇಕ್ಕೇರಿ, ಹೊಸನಗರ, ನಗರ ನೋಡಿಕೊಂಡು ರಾತ್ರಿ ತೀರ್ಥಹಳ್ಳಿಯಲ್ಲಿ ಇಳಿಯಿರಿ. ಕೆಳದಿ ಅರಸರ ಮೂರು ರಾಜಧಾನಿಗಳೂ ಈ ದಾರಿಯಲ್ಲೇ ಸಿಗುತ್ತವೆ. ಅದೂ ರಾಜಧಾನಿ ಬದಲಾದ ಅದೇ ಕ್ರಮದಲ್ಲಿ, ಉತ್ತರದಿಂದ ದಕ್ಷಿಣಕ್ಕೆ. ಹೋದ ನವೆಂಬರಿನಲ್ಲಿ ನಾನು, ಅಮ್ಮ, ಜಪಾನಿಗೆ ಹೋಗಿ ಬಂದಿದ್ದ ನನ್ನ ಆಫೀಸಿನ ಗೆಳತಿ, ಮೂರು ಜನ ಹೋಗಿದ್ವಿ. ನಮ್ಮ ದಾರಿಯಲ್ಲಿ ಇನ್ನೊಂದು ನಿಲ್ದಾಣವೂ ಇತ್ತು. ನಗರ ಹೋಬಳಿಯಲ್ಲಿರೋ ಅಮ್ಮನ ತವರುಮನೆ, ಅಂದ್ರೆ ನನ್ನ ಅಜ್ಜನ ಮನೆ. ಆ ಮನೆಯ ಕಂಬ, ಬಾಗಿಲು, ತೊಲೆಗಳನ್ನ ಕೊಳ್ಳೋಕೆ ಯಾರೋ ಬಂದು ರೇಟು ಹೇಳಿ ಹೋಗಿದ್ದಾರೆ ಅಂತ ಸೋದರಮಾವ ಫೋನ್ ಮಾಡಿದ್ದರು. “ಮಾರೋದ್ರೊಳಗೆ ಒಂದ್ಸಲ ನೋಡ್ಕಂಡು ಬರೋಣ” ಅಂದ್ರು ಅಮ್ಮ. ಆ ವಿಷಯಕ್ಕೆ ಆಮೇಲೆ ಬರ್ತೀನಿ.

ಮೊದಲು ಕಾರಿನ ಮಾತು

ಬೆಂಗಳೂರಿನಿಂದ ತಾಳಗುಪ್ಪದ ರಾತ್ರಿ ರೈಲು ಹತ್ತಿದರೆ ಬೆಳಗಿನ ಹೊತ್ತಿಗೆ ಸಾಗರ ಜಂಬಗಾರು ಸ್ಟೇಷನ್. ಕಾರನ್ನ ಬೆಂಗಳೂರಿನಿಂದ ತರೋದಕ್ಕಿಂತ ಸಾಗರದಲ್ಲೇ ಬಾಡಿಗೆಗೆ ಹಿಡಿಯೋದು ಒಳ್ಳೇದು. ಇಲ್ಲಿನ ಡ್ರೈವರುಗಳಿಗೆ ಯಾವ ತಿರುವಿನಲ್ಲಿ ಎದುರಿನಿಂದ ಬಸ್ ಬರುತ್ತೆ, ಯಾವ ಹೋಟೆಲಿನಲ್ಲಿ ಎಷ್ಟೊತ್ತಿಗೆ ತಿಂಡಿ ಖಾಲಿಯಾಗುತ್ತೆ, ಯಾರ ಮನೆ ಅಂಗಳದಲ್ಲಿ ಅಡಿಕೆ ಸುಲಿತಿದಾರೆ, ಎಲ್ಲಾ ಗೊತ್ತಿರುತ್ತೆ. ಬಾಡಿಗೆ ಮಾತಾಡುವಾಗ ಎರಡು ವಿಷಯ ಮೊದಲೇ ಕೇಳಿಕೊಳ್ಳಿ: ಡ್ರೈವರ್ ಬಾಟಾ ಸೇರಿದೆಯಾ, ತೀರ್ಥಹಳ್ಳಿಯಿಂದ ಖಾಲಿ ಕಾರು ಸಾಗರಕ್ಕೆ ಹೋಗೋ ಕಿಲೋಮೀಟರ್ ಸೇರಿದೆಯಾ. ಮೂರ್ನಾಲ್ಕು ಜನ ಹಂಚಿಕೊಂಡರೆ ಹೊರೆ ಅನ್ನಿಸಲ್ಲ.

ನವೆಂಬರಿನಿಂದ ಫೆಬ್ರುವರಿವರೆಗೆ ಸರಿಯಾದ ಕಾಲ. ಆಗ ಅಡಿಕೆ ಕೊಯ್ಲು ನಡೀತಿರುತ್ತೆ, ಊರಿನಲ್ಲಿ ಜನ ಓಡಾಡ್ತಿರ್ತಾರೆ. ಮಳೆಗಾಲವೇ ಬೇಕು ಅನ್ನೋರು ಇಂಬಳಕ್ಕೆ ಕಾಲು ಕೊಡೋಕೆ ತಯಾರಾಗಿ ಹೋಗಿ. ಜೇಬಿನಲ್ಲಿ ಸ್ವಲ್ಪ ಚಿಲ್ಲರೆ ದುಡ್ಡಿರಲಿ. ಹೊಸನಗರ ದಾಟಿದ ಮೇಲೆ ನೆಟ್‌ವರ್ಕ್ ನೆಚ್ಚಿಕೊಂಡು ಫೋನ್ ಪೇ ಮಾಡ್ತೀನಿ ಅನ್ನೋದು ಬೇಡ.

ಕೆಳದಿ: ಊರಿನೊಳಗೆ ಉಳಿದ ರಾಜಧಾನಿ

ಸಾಗರದಿಂದ ಕೆಳದಿಗೆ ಎಂಟು ಕಿಲೋಮೀಟರಿನ ಆಸುಪಾಸು. 1500ರ ಹೊತ್ತಿಗೆ ಚೌಡಪ್ಪ ನಾಯಕ ಇಲ್ಲಿ ಶುರು ಮಾಡಿದ ಮನೆತನ ಮುಂದೆ ವಿಜಯನಗರದ ಸಾಮಂತರಾಗಿ, ಆಮೇಲೆ ಸ್ವತಂತ್ರರಾಗಿ, 1763ರವರೆಗೆ ಮಲೆನಾಡು ಮತ್ತು ಕರಾವಳಿಯ ದೊಡ್ಡ ಭಾಗವನ್ನ ಆಳಿತು. ಸುಮಾರು ಇನ್ನೂರ ಅರವತ್ತು ವರ್ಷ.

ರಾಮೇಶ್ವರ ದೇವಸ್ಥಾನದ ಆವರಣ ಈಗಲೂ ಊರಿನ ದಿನನಿತ್ಯದ ಜಾಗ. ಬೆಳಿಗ್ಗೆ ಹೋದರೆ ಪೂಜೆಗೆ ಹೂ ತಂದ ಅಜ್ಜಿಯಂದಿರು, ಶಾಲೆಗೆ ಹೊರಟ ಮಕ್ಕಳು ಸಿಗ್ತಾರೆ. ಪಕ್ಕದ ವೀರಭದ್ರ ದೇವಸ್ಥಾನದಲ್ಲಿ ತಲೆ ಎತ್ತಿ ನೋಡಿ, ಚಾವಣಿಯ ಕಲ್ಲಿನಲ್ಲಿ ಎರಡು ತಲೆಯ ಗಂಡಭೇರುಂಡ ಇದೆ. ಕೆಳದಿ ಅರಸರಿಗೆ ‘ಎಡವ ಮುರಾರಿ’ ಅನ್ನೋ ಬಿರುದು ಇತ್ತು. ಅದಕ್ಕೊಂದು ಐತಿಹ್ಯ ಹೇಳ್ತಾರೆ: ಮನೆತನದ ಮೊದಲಿಗರಿಗೆ ನಿಧಿ ಸಿಕ್ಕಾಗ ನರಬಲಿ ಬೇಕಾಯ್ತಂತೆ, ಎಡವ ಮತ್ತು ಮುರಾರಿ ಅನ್ನೋ ಇಬ್ಬರು ಆಳುಗಳು ತಾವೇ ಮುಂದೆ ಬಂದರಂತೆ, ತಮ್ಮ ಹೆಸರು ಉಳಿಸಬೇಕು ಅನ್ನೋದೊಂದೇ ಅವರು ಕೇಳಿದ್ದು. ಕತೆ ಎಷ್ಟು ನಿಜವೋ, ಅರಸರ ಬಿರುದಿನಲ್ಲಿ ಆಳುಗಳ ಹೆಸರು ಉಳಿದಿದ್ದಂತೂ ನಿಜ.

ಊರಿನಲ್ಲೇ ಒಂದು ಮ್ಯೂಸಿಯಂ ಇದೆ. ಇತಿಹಾಸಕಾರ ಕೆಳದಿ ಗುಂಡಾ ಜೋಯಿಸರು ವರ್ಷಗಟ್ಟಲೆ ಮನೆಮನೆ ತಿರುಗಿ ಬೆಳೆಸಿದ ಸಂಗ್ರಹ: ತಾಳೆಗರಿ, ಕಡತ, ನಾಣ್ಯ, ಆಯುಧ. ತೆರೆಯೋ ಸಮಯವನ್ನ ಡ್ರೈವರ್ ಹತ್ರ ವಿಚಾರಿಸಿಕೊಂಡು ಹೋಗಿ. ಅಲ್ಲಿರೋ ತಾಳೆಗರಿಗಳಲ್ಲಿ ಎಷ್ಟೋ ಕಟ್ಟುಗಳು ಒಂದು ಕಾಲದಲ್ಲಿ ಯಾರದೋ ಅಟ್ಟದ ಮೇಲೆ ಹೊಗೆ ಹಿಡಿದು ಕೂತಿದ್ದವು ಅನ್ನೋದನ್ನ ನೆನಪಿಟ್ಟುಕೊಂಡು ನೋಡಿ.

ಇಕ್ಕೇರಿ: ಎರಡು ಕೇರಿ

ಮತ್ತೆ ಸಾಗರಕ್ಕೆ ಬಂದು ತಿಂಡಿ. ಸಿಕ್ಕಿದರೆ ಕೊಟ್ಟೆ ಕಡುಬು ಕೇಳಿ, ಇಲ್ಲಾಂದ್ರೆ ಬಿಸಿ ತೆಳ್ಳೇವು. ಪೇಟೆಯಲ್ಲಿ ಗುಡಿಗಾರರ ಗಂಧದ ಕೆತ್ತನೆ ಇದೆ, ನೋಡೋಕೆ ದುಡ್ಡಿಲ್ಲ. ಕೊಳ್ಳೋದಾದ್ರೆ ಚೌಕಾಸಿಗೆ ಮೊದಲು ಕೆತ್ತೋರು ಒಂದು ಎಲೆಯ ಬಳ್ಳಿಗೆ ಎಷ್ಟು ಹೊತ್ತು ತಗೋತಾರೆ ಅಂತ ನಿಂತು ನೋಡಿ. ಎರಡು ದಿನ ಇರೋರು ಹೆಗ್ಗೋಡಿಗೂ ಹೋಗಬಹುದು. 1949ರಲ್ಲಿ ಊರಿನವರೇ ಕಟ್ಟಿದ ನೀನಾಸಂ, ಹೆಂಗಸರೇ ನೇಯ್ದು ಹೊಲಿದು ನಡೆಸೋ ‘ಚರಕ’, ಎರಡೂ ಆ ಕಡೆ ಇವೆ. ಒಂದೇ ದಿನದವರು ಮುಂದೆ ಸಾಗಿ.

ಸಾಗರದ ದಕ್ಷಿಣಕ್ಕೆ ಆರು ಕಿಲೋಮೀಟರ್ ಹೋದರೆ ಇಕ್ಕೇರಿ. ಹೆಸರಿನ ಅರ್ಥ ಎರಡು ಕೇರಿ. ಇಲ್ಲಿನ ಟಂಕಸಾಲೆಯಿಂದ ಬಂದ ‘ಇಕ್ಕೇರಿ ವರಹ’ ಎಷ್ಟು ಹೆಸರಾಗಿತ್ತು ಅಂದ್ರೆ, ರಾಜಧಾನಿ ಬೇರೆ ಊರಿಗೆ ಹೋದ ಮೇಲೂ ನಾಣ್ಯ ಮಾತ್ರ ಇಕ್ಕೇರಿ ಹೆಸರಿನಲ್ಲೇ ಓಡಿತು. ಈಗ ಆ ಪಟ್ಟಣದ ಗುರುತಾಗಿ ನಿಂತಿರೋದು ಅಘೋರೇಶ್ವರ ದೇವಸ್ಥಾನ. ಸುತ್ತ ತೋಟ, ಗದ್ದೆ, ಕೆಲವು ಮನೆ.

ದೇವಸ್ಥಾನದ ಒಳಗೆ ಎರಡು ಜಾಗ ತಪ್ಪಿಸಬೇಡಿ. ಒಂದು ಗರ್ಭಗುಡಿಯ ದೊಡ್ಡ ಪೀಠ. ಅದರ ಸುತ್ತ ಸಾಲಾಗಿ ಕೂತ ದೇವಿಯರ ಕೆತ್ತನೆ ಇದೆ. ಇನ್ನೊಂದು ಕಾಲಡಿಯ ನೆಲ. ಗರ್ಭಗುಡಿಯ ಎದುರು ಮೂವರು ಅರಸರು ಕಲ್ಲಿನಲ್ಲಿ ಅಡ್ಡಬಿದ್ದಿದ್ದಾರೆ, ಮೇಲೆ ಹೆಸರು ಕೊರೆದಿದೆ. ಅದರಲ್ಲಿ ಒಬ್ಬನ ಕೈಕಾಲಿಗೆ ಬೇಡಿ. ಬುದ್ಧಿ ಸ್ಥಿಮಿತ ತಪ್ಪಿದ ಸೋಮಶೇಖರ ಇವನು ಅಂತ ಹೇಳ್ತಾರೆ. ಮನೆತನದ ಇಂಥ ಸಂಕಟವನ್ನೂ ಮುಚ್ಚಿಡದೆ ದೇವರ ಮುಂದಿನ ನೆಲದಲ್ಲಿ ಕೊರೆಸಿದ್ದಾರಲ್ಲ, ಅಮ್ಮ ಅಲ್ಲೇ ತುಂಬಾ ಹೊತ್ತು ನಿಂತುಬಿಟ್ರು.

1623ರ ನವೆಂಬರಿನಲ್ಲಿ ಇಕ್ಕೇರಿಗೆ ಒಬ್ಬ ಪ್ರವಾಸಿ ಬಂದಿದ್ದ. ಇಟಲಿಯ ಪಿಯೆತ್ರೊ ದೆಲ್ಲಾ ವಾಲ್ಲೆ. ವೆಂಕಟಪ್ಪ ನಾಯಕನ ಆಸ್ಥಾನಕ್ಕೆ ಹೊರಟ ಪೋರ್ಚುಗೀಸ್ ರಾಯಭಾರಿಯ ಜೊತೆ ಸೇರಿಕೊಂಡು ಘಟ್ಟ ಹತ್ತಿದ. ಕಂಡಿದ್ದನ್ನೆಲ್ಲ ಪತ್ರದಲ್ಲಿ ಬರೆದ. ಬೀದಿಯಲ್ಲಿ ಕೋಲು ಹಿಡಿದು ಕುಣಿದ ಹುಡುಗಿಯರನ್ನ ನೋಡಿ ಖುಷಿಪಟ್ಟ. ಗಂಡನ ಜೊತೆ ಚಿತೆಯೇರಲು ಹೊರಟಿದ್ದ ಹೆಂಗಸನ್ನ ಭೇಟಿ ಮಾಡಿ, ಬೇಡ ಅಂತ ಬಿಡಿಸಲು ನೋಡಿದ. ಹಳೇ ಊರು ಅಂದ್ರೆ ಎಲ್ಲಾ ಚೆಂದ ಅಂತ ಅಂದುಕೊಳ್ಳೋರು ಈ ಎರಡನೆಯದನ್ನೂ ನೆನಪಿಡಬೇಕು.

ಅವನು ಬರೆದಿರೋದರಲ್ಲಿ ನನಗೆ ತುಂಬಾ ಹಿಡಿಸಿದ್ದು ಇಕ್ಕೇರಿಗೆ ಬರೋ ದಾರಿಯಲ್ಲಿ, ಘಟ್ಟದ ಮೇಲಿನ ಒಂದು ದೇವಸ್ಥಾನದ ಜಗಲಿಯಲ್ಲಿ ಕಂಡಿದ್ದು. ನಾಲ್ಕು ಹುಡುಗರು ನೆಲದ ಮೇಲೆ ಸಣ್ಣ ಮರಳು ಹರಡಿಕೊಂಡು, ಬೆರಳಿನಲ್ಲಿ ಬರೀತಾ, ರಾಗವಾಗಿ ಹೇಳ್ತಾ ಲೆಕ್ಕ ಕಲೀತಿದ್ದರು. ಮಾಸ್ತರ ಇರಲಿಲ್ಲ. ಯಾರಿಗಾದರೂ ಮರೆತುಹೋದರೆ ತಿದ್ದೋರು ಯಾರು ಅಂತ ಇವನು ಕೇಳಿದ. ನಾಲ್ಕೂ ಜನರಿಗೆ ಒಂದೇ ಕಡೆ ಮರೆಯೋಕೆ ಸಾಧ್ಯವಿಲ್ಲ, ಒಬ್ಬನಿಗೆ ಮರೆತಿದ್ದು ಇನ್ನೊಬ್ಬನಿಗೆ ನೆನಪಿರುತ್ತೆ ಅಂತ ಹುಡುಗರು ಹೇಳಿದರು. ಆ ಉತ್ತರ ಅವನಿಗೂ ಸರಿ ಅನ್ನಿಸಿತು.

ನಾನು ಇದನ್ನ ಕಾರಿನಲ್ಲಿ ಹೇಳಿದಾಗ ಡ್ರೈವರ್ ಅಣ್ಣ ಅಂದ್ರು: “ಈಗ ಆ ನಾಲ್ಕೂ ಜನ ಬೆಂಗಳೂರಲ್ಲಿ ಇದಾರೆ ಮಾರಾಯ್ರೆ.”

ನೀರಿನಡಿಯ ಊರುಗಳು

ಇಕ್ಕೇರಿಯಿಂದ ಹೊಸನಗರದ ಕಡೆಗೆ ಹೋಗ್ತಾ ಕಾಡು, ತೋಟ, ಗದ್ದೆ ಒಂದರ ಹಿಂದೆ ಒಂದು ಬರುತ್ತೆ. ಹೊಸನಗರದ ಆಸುಪಾಸಿನಲ್ಲಿ ಅಲ್ಲಲ್ಲಿ ಮರಗಳ ಸಂದಿಯಿಂದ ನೀರು ಕಾಣುತ್ತೆ. ಕೆರೆ ಅಂತ ಅಂದ್ಕೋಬೇಡಿ, ಶರಾವತಿಯ ಹಿನ್ನೀರು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟೆ ಮುಗೀತು. ಅದಕ್ಕೂ ಮೊದಲು ಕಟ್ಟಿದ್ದ ಹಿರೇಭಾಸ್ಕರ ಅಣೆಕಟ್ಟೆಯೇ ಅದರಲ್ಲಿ ಮುಳುಗಿತು ಅಂದ ಮೇಲೆ ಮನೆ, ತೋಟ, ಶಾಲೆಗಳ ಮಾತೇನು? ಬೇಸಿಗೆಯಲ್ಲಿ ನೀರು ತೀರಾ ಇಳಿದ ವರ್ಷ ಹಳೇ ಅಣೆಕಟ್ಟೆ ಎದ್ದು ಕಾಣುತ್ತೆ. ನಾಡಿಗೆಲ್ಲ ಕರೆಂಟ್ ಬಂತು. ಎದ್ದು ಹೋದ ಎಷ್ಟೋ ಕುಟುಂಬಗಳು ಹೊಸ ಜಾಗದ ಹಕ್ಕುಪತ್ರಕ್ಕೆ ಈಗಲೂ ಅಲೀತಿವೆ. ದ್ವೀಪದ ಹಾಗೆ ಉಳಿದುಹೋದ ಊರುಗಳು ದಶಕಗಟ್ಟಲೆ ಲಾಂಚ್ ನಂಬಿಕೊಂಡು ಬದುಕಿದವು. ಸಿಗಂದೂರಿನ ಕಡೆಯ ಸೇತುವೆ ಉದ್ಘಾಟನೆ ಆಗಿದ್ದು 2025ರ ಜುಲೈನಲ್ಲಿ.

ಗೆಳತಿಗೆ ಇದನ್ನ ಕೇಳಿ ಜಪಾನಿನ ಮಿಬೊರೊ ಅಣೆಕಟ್ಟೆ ನೆನಪಾಯ್ತು. ಶಿರಕಾವಾ-ಗೊ ಇರೋ ಅದೇ ಶೋಗಾವಾ ನದಿಗೆ 1961ರಲ್ಲಿ ಅದನ್ನ ಕಟ್ಟಿದರು. ಅಲ್ಲೂ ಹುಲ್ಲು ಮಾಡಿನ ಊರುಗಳು ಮುಳುಗಿದವು. ಕೆಲವು ಮನೆಗಳನ್ನ ಕಂಬ ಕಂಬ ಬಿಚ್ಚಿ ಬೇರೆ ಕಡೆ ಸಾಗಿಸಿ ಮತ್ತೆ ನಿಲ್ಲಿಸಿದರು. ನೂರಾರು ವರ್ಷದ ಎರಡು ಚೆರ್ರಿ ಮರಗಳನ್ನೂ ಬೇರು ಸಮೇತ ಎತ್ತಿ ಮೇಲೆ ನೆಟ್ಟರು, ಅವು ಈಗಲೂ ಹೂ ಬಿಡುತ್ತವೆ. “ನಮ್ಮವರು ಏನು ತಗೊಂಡು ಹೋದ್ರು?” ಅಂತ ಅವಳು ಅಮ್ಮನ್ನ ಕೇಳಿದಳು. “ಹಂಚು, ಬಾಗಿಲು, ದನ, ದೇವರು” ಅಂದ್ರು ಅಮ್ಮ.

ನಗರ: ಹೆಸರು ದೊಡ್ಡದು, ಊರು ಸಣ್ಣದು

ಹೊಸನಗರದಿಂದ ಹದಿನೇಳು ಕಿಲೋಮೀಟರಿಗೆ ನಗರ. ಬೆಂಗಳೂರಿನವರು ಹೆಸರು ಕೇಳಿ ಸಿಟಿ ಅಂತ ತಿಳಿದುಕೊಂಡರೆ ಬಸ್ ಸ್ಟಾಂಡಿನಲ್ಲೇ ನಗು ಬರುತ್ತೆ. ಇದು ಹಿಂದಿನ ಬಿದನೂರು. 1639–40ರ ಹೊತ್ತಿಗೆ, ಬಿಜಾಪುರದ ಸೈನ್ಯ ಇಕ್ಕೇರಿಯ ಮೇಲೆ ಬಿದ್ದು ಹೋದ ನಂತರ, ರಾಜಧಾನಿ ಇಲ್ಲಿಗೆ ಬಂತು. ಸುತ್ತ ಬೆಟ್ಟ, ದಟ್ಟ ಕಾಡು, ಮಳೆಯೋ ಮಳೆ, ಶತ್ರುವಿಗೆ ಕಷ್ಟ. ಕರಾವಳಿಗೆ ಇಳಿಯೋ ಘಟ್ಟದ ದಾರಿ ಹತ್ತಿರ. ಮೆಣಸು, ಅಕ್ಕಿ ವ್ಯಾಪಾರಕ್ಕೆ ಅನುಕೂಲ.

ಬಿದನೂರನ್ನ ಬೆಳೆಸಿದವನು ಶಿವಪ್ಪ ನಾಯಕ. ಅವನ ‘ಶಿಸ್ತು’ ಹೆಸರುವಾಸಿ. ನಾವು ಈಗ ಶಿಸ್ತು ಅಂದ್ರೆ ಡಿಸಿಪ್ಲಿನ್ ಅಂತೀವಿ. ಅಲ್ಲಿ ಅದು ಕಂದಾಯದ ಲೆಕ್ಕ. ಭೂಮಿಯನ್ನ ಫಲವತ್ತತೆ ನೋಡಿ ದರ್ಜೆಗಳಾಗಿ ವಿಂಗಡಿಸಿ, ಬೆಳೆ ಎಷ್ಟು ಬರುತ್ತೆ ಅಂತ ವರ್ಷಗಟ್ಟಲೆ ಬೆಳೆಸಿ ನೋಡಿ, ಅದರ ಮೇಲೆ ಕಂದಾಯ ಗೊತ್ತು ಮಾಡಿದ. 1763ರಲ್ಲಿ ಹೈದರಾಲಿ ಬಿದನೂರನ್ನ ಗೆದ್ದು ಹೈದರನಗರ ಅಂತ ಹೆಸರಿಟ್ಟ. ಹೈದರ ಹೋಗಿ ನಗರ ಮಾತ್ರ ಉಳೀತು.

ಕೋಟೆ ರಸ್ತೆ ಪಕ್ಕದಲ್ಲೇ ಇದೆ. ಬಾಗಿಲು ದಾಟಿ ಮೇಲೆ ಹತ್ತಿದರೆ ದರ್ಬಾರು ನಡೆದ ಜಾಗದ ತಳಪಾಯ, ಅಕ್ಕ ತಂಗಿ ಕೊಳ, ಕೆಳಗೆ ಕೆರೆ. ಒಂದು ಗಂಟೆ ಸಾಕು. ಸಮಯ ಇದ್ದರೆ ಹತ್ತಿರದ ಬಸವನಬ್ಯಾಣದ ದೇವಗಂಗೆ ಕೊಳಗಳಿಗೆ ಹೋಗಿ. ಬೆಟ್ಟದ ಬುಡದ ನೀರು ಒಂದು ಕೊಳದಿಂದ ಇನ್ನೊಂದಕ್ಕೆ ಸದ್ದಿಲ್ಲದೆ ಹರೀತಾ ಇರುತ್ತೆ. ಕಾಲು ಇಳಿಬಿಟ್ಟು ಕೂರಬೇಕು ಅನ್ನಿಸುತ್ತೆ, ಸೋಪು ಶಾಂಪೂ ಮಾತ್ರ ಬೇಡ.

ಅಜ್ಜನ ಮನೆ

ಮಧ್ಯಾಹ್ನದ ಊಟ ಅಜ್ಜನ ಮನೆಯಲ್ಲಿ. ಅತ್ತೆ ಕಳಲೆ ಪಲ್ಯ, ಅಪ್ಪೆಹುಳಿ, ತಂಬುಳಿ ಮಾಡಿದ್ದರು. ಊಟ ಆದ ಮೇಲೆ ಮಾವ ಗೆಳತಿಗೆ ಮನೆ ತೋರಿಸಿದರು. ಜಗಲಿ, ಮಧ್ಯೆ ತೊಟ್ಟಿ, ಸುತ್ತ ಕಂಬಗಳು, ಮೇಲೆ ಅಡಿಕೆ ಇಡೋ ಅಟ್ಟ, ಹಿಂದೆ ದೊಡ್ಡ ಹಂಡೆಯ ಬಚ್ಚಲು. ಅಂಗಳದಲ್ಲಿ ನಾಲ್ಕು ಹೆಂಗಸರು ಮೆಟ್ಟುಗತ್ತಿ ಮೇಲೆ ಕೂತು ಅಡಿಕೆ ಸುಲೀತಿದ್ದರು.

“ಮೊದಲು ಇದು ಸೋಗೆ ಮನೆ” ಅಂದ್ರು ಮಾವ. ಅಡಿಕೆ ಮರದ ಸೋಗೆ ಒಣಗಿಸಿ, ಕಟ್ಟಿ, ಪ್ರತಿ ವರ್ಷ ಮಳೆಗೆ ಮೊದಲು ಹೊಸದಾಗಿ ಹೊದಿಸಬೇಕಿತ್ತು. ಮಂಗಳೂರಿನಲ್ಲಿ ಬಾಸೆಲ್ ಮಿಶನ್‌ನವರು 1865ರಲ್ಲೇ ಹಂಚಿನ ಕಾರ್ಖಾನೆ ಶುರು ಮಾಡಿದ್ದರೂ ಘಟ್ಟದ ಮೇಲಿನ ಎಲ್ಲಾ ಮನೆಗೂ ಹಂಚು ಬರೋಕೆ ಬಹಳ ಕಾಲ ಹಿಡೀತು. “ಒಬ್ಬರ ಕೈಲಿ ಆಗೋ ಕೆಲಸ ಅಲ್ಲ ಅದು. ಇವತ್ತು ಅವರ ಮನೆಗೆ ನಾವೆಲ್ಲ ಹೋಗಾದು, ನಾಳೆ ನಮ್ಮ ಮನೆಗೆ ಅವರೆಲ್ಲ ಬರಾದು. ಕೂಲಿ ಇಲ್ಲ, ಊಟ ಅಷ್ಟೆ. ಮುಯ್ಯಾಳು ಅಂತಿದ್ವಿ. ಮುಯ್ಯಿ ತೀರಿಸದೆ ಇದ್ರೆ ಮರ್ಯಾದೆ ಹೋಗ್ತಿತ್ತು.”

ಗೆಳತಿ ತಟ್ಟನೆ ಎದ್ದು ಕೂತಳು. ಶಿರಕಾವಾ-ಗೊದಲ್ಲಿ ಅವಳಿಗೆ ಗೈಡ್ ಹೇಳಿದ್ದೂ ಇದನ್ನೇ. ಅಲ್ಲಿನ ಹುಲ್ಲು ಮಾಡು ಮೂವತ್ತು ನಲವತ್ತು ವರ್ಷ ಬರುತ್ತೆ, ಬದಲಿಸುವಾಗ ಊರಿಗೆ ಊರೇ ಮಾಡಿನ ಮೇಲೆ ಹತ್ತುತ್ತೆ. ಹಾಗೆ ಕೈಗೆ ಕೈ ಕೊಟ್ಟು ಮಾಡೋ ಕೆಲಸಕ್ಕೆ ಅವರ ಹೆಸರು ‘ಯುಯಿ’. ಮುಯ್ಯಿ, ಯುಯಿ. ಎರಡು ಶಬ್ದಕ್ಕೂ ನಂಟಿಲ್ಲ, ಕಿವಿಗಷ್ಟೇ ಹಾಗೆ. ಆದರೆ ಮಾಡು ದೊಡ್ಡದು, ಒಬ್ಬರ ಕೈಯಲ್ಲಿ ಆಗಲ್ಲ ಅನ್ನೋ ಕಷ್ಟ ಎರಡೂ ಕಡೆ ಒಂದೇ.

ಅಲ್ಲಿ ಇನ್ನೊಂದು ಕೆಲಸ ಮಾಡಿದರು. ಯುವಕರು ಪಟ್ಟಣಕ್ಕೆ ಹೋಗಿ ಊರು ಖಾಲಿಯಾಗ್ತಿದ್ದಾಗ, 1971ರಲ್ಲಿ ಶಿರಕಾವಾ-ಗೊದ ಒಗಿಮಾಚಿಯವರೂ, ಹಳೇ ಹೆದ್ದಾರಿಯ ಪೇಟೆಯಾದ ತ್ಸುಮಾಗೊದವರೂ ತಾವೇ ಕೂತು ಮೂರು ಕಟ್ಟಳೆ ಮಾಡಿಕೊಂಡರು: ಮನೆ ಮಾರೋದಿಲ್ಲ, ಬಾಡಿಗೆಗೆ ಕೊಡೋದಿಲ್ಲ, ಕೆಡವೋದಿಲ್ಲ. ನಾವು ರೀಲ್‌ನಲ್ಲಿ ನೋಡೋ ಆ ಚೆಂದದ ಹಿಂದೆ ಇರೋದು ಈ ಒಪ್ಪಂದ. ಸರ್ಕಾರದ ನೆರವು, ಪ್ರವಾಸಿಗರ ದುಡ್ಡು ಆಮೇಲೆ ಬಂತು.

ಮಾವ ಎಲ್ಲಾ ಕೇಳಿಸಿಕೊಂಡರು. ಆಮೇಲೆ ಅಂದ್ರು: “ಒಳ್ಳೇದು. ನಂಗೆ ಎಪ್ಪತ್ತೊಂದು. ತೋಟಕ್ಕೆ ಎಲೆಚುಕ್ಕೆ ರೋಗ ಬಂದಿದೆ, ಔಷಧಿ ಹೊಡೆಸೋದ್ರಲ್ಲೇ ಅರ್ಧ ದುಡ್ಡು ಹೋಗುತ್ತೆ. ಮಕ್ಕಳು ಬರೋದು ಹಬ್ಬಕ್ಕೆ. ಪ್ರತಿ ಏಪ್ರಿಲ್ ಮೇಯಲ್ಲಿ ಹಂಚು ಕೈಯಾಡಿಸಬೇಕು. ಒಂದು ವರ್ಷ ಬಿಟ್ರೆ ಸೋರುತ್ತೆ, ಎರಡು ವರ್ಷ ಬಿಟ್ರೆ ತೊಲೆಗೆ ಗೆದ್ದಲು. ಮನೆ ನೋಡ್ಕಂಡು, ಫೋಟೋ ತಗಂಡು ಹೋಗೋರು ಬೇಕಾದಷ್ಟು ಜನ ಇದಾರೆ. ಏಣಿ ಹಿಡಿಯೋರು ಇಲ್ಲ. ಕಂಬ ಮಾರಿದ್ರೆ ಯಾವುದೋ ರೆಸಾರ್ಟಿನಲ್ಲಾದ್ರೂ ನೆಟ್ಟಗೆ ನಿಂತಿರುತ್ತೆ ಅಂತ ನಾನು.”

ಯಾರಿಗೂ ಉತ್ತರ ಹೊಳೀಲಿಲ್ಲ. ಮಾವ ಹೇಳಿದ್ದರಲ್ಲಿ ಸುಳ್ಳು ಒಂದೂ ಇರಲಿಲ್ಲ. ಮಲೆನಾಡಿನ ಹಳೇ ಮನೆಗಳನ್ನ ಮಾರೋರನ್ನ ಬಯ್ಯೋದು ಸುಲಭ. ಆ ಮನೆಯ ಮಳೆಗಾಲದ ರಾತ್ರಿ ಪಾತ್ರೆ ಹಿಡಿದು ಸೋರೋ ಜಾಗ ಹುಡುಕೋದು ಅವರ ಪಾಲಿಗೆ ಬಂದಿರುತ್ತೆ, ಬಯ್ಯೋರ ಪಾಲಿಗಲ್ಲ. ಸೋಗೆ ಹೊದಿಸೋದು, ಕಂಬಕ್ಕೆ ಕಂಬ ಬೆಸೆಯೋದು, ಎಷ್ಟು ಅಂಕಣಕ್ಕೆ ಎಷ್ಟು ಮರ ಅನ್ನೋ ಲೆಕ್ಕ, ಇದೆಲ್ಲ ಮರಳ ಮೇಲೆ ಬೆರಳಲ್ಲಿ ಬರೆದ ಲೆಕ್ಕದ ಹಾಗೆ. ನಾಲ್ಕು ಜನರ ನಡುವೆ ಓಡಾಡ್ತಿದ್ರೆ ಉಳಿಯುತ್ತೆ. ಒಬ್ಬರೇ ಉಳಿದಾಗ ಅವರಿಗೆ ಮರೆತರೆ ಹೇಳಿಕೊಡೋರು ಯಾರೂ ಇರಲ್ಲ.

ತುಂಗೆಯ ದಂಡೆಯಲ್ಲಿ ಸಂಜೆ

ನಗರದಿಂದ ತೀರ್ಥಹಳ್ಳಿ ಕಡೆಗೆ ಹೊರಟಾಗ ನಾಲ್ಕು ಗಂಟೆ. ದಾರಿಯಲ್ಲಿ ಕವಲೇದುರ್ಗದ ಬೋರ್ಡು ಸಿಗುತ್ತೆ. ಆಸೆ ಆಗುತ್ತೆ, ಆದರೆ ಆ ಕೋಟೆಗೆ ಕನಿಷ್ಠ ಅರ್ಧ ದಿನ ಬೇಕು. ಗದ್ದೆ ದಾಟಿ, ಕಲ್ಲುಹಾಸಿನ ದಾರಿಯಲ್ಲಿ ಬಾಗಿಲ ಮೇಲೆ ಬಾಗಿಲು ಹತ್ತಿ ಹೋಗೋ ಜಾಗವದು. ಸಂಜೆಯ ಅವಸರದಲ್ಲಿ ಹೋಗಬೇಡಿ. ಹಾಗೇ ಕುಪ್ಪಳಿಯನ್ನೂ ಇನ್ನೊಂದು ದಿನಕ್ಕೆ ಇಟ್ಟುಕೊಳ್ಳಿ. ಕುವೆಂಪು ಬೆಳೆದ ತೊಟ್ಟಿಮನೆಯನ್ನ ಕುವೆಂಪು ಪ್ರತಿಷ್ಠಾನದವರು ಜೋಪಾನವಾಗಿ ಇಟ್ಟಿದ್ದಾರೆ. ಮಲೆನಾಡಿನ ದೊಡ್ಡ ಮನೆ ಹೇಗಿರುತ್ತಿತ್ತು ಅಂತ ಮಕ್ಕಳಿಗೆ ತೋರಿಸೋಕೆ ಅದಕ್ಕಿಂತ ಒಳ್ಳೇ ಜಾಗ ಇಲ್ಲ. ಮೇಲೆ ಕವಿಶೈಲ. ಕವಿಯ ಮನೆಯಾದ್ದರಿಂದ ಅದಕ್ಕೆ ಪ್ರತಿಷ್ಠಾನ ಬಂತು. ಕವಿ ಹುಟ್ಟದ ಮನೆಗಳಿಗೆ ಮೊಮ್ಮಕ್ಕಳೇ ಬರಬೇಕು.

ತೀರ್ಥಹಳ್ಳಿ ತಲುಪಿದಾಗ ಬೆಳಕು ಇನ್ನೂ ಇತ್ತು. ತುಂಗೆಯ ಬಂಡೆಗಳ ಮೇಲೆ ಜನ ಕೂತಿದ್ದರು. ಎಳ್ಳಮಾವಾಸ್ಯೆ ಜಾತ್ರೆಯಲ್ಲಿ ಕಾಲಿಡೋಕೆ ಜಾಗ ಇರದ ರಾಮತೀರ್ಥ, ಆ ಸಂಜೆ ಖಾಲಿ. ಕಮಾನು ಸೇತುವೆ ಮೇಲೆ ಒಂದು ಸಲ ನಡೆದು ಬನ್ನಿ. ಫಣಿಯಮ್ಮನ ಕತೆ ಬರೆದ ಎಂ.ಕೆ. ಇಂದಿರಾ ಹುಟ್ಟಿದ ಊರಿದು. ಯು.ಆರ್. ಅನಂತಮೂರ್ತಿ ಹುಟ್ಟಿದ ಮೇಳಿಗೆ, ಗಿರೀಶ್ ಕಾಸರವಳ್ಳಿಯವರ ಕೆಸಲೂರು, ಎರಡೂ ಇದೇ ತಾಲ್ಲೂಕು. ನಾವು ಓದಿದ, ನೋಡಿದ ಎಷ್ಟೋ ಜಗಲಿ, ಎಷ್ಟೋ ನಡುಮನೆ ಇಲ್ಲಿಯವು. ಪುಸ್ತಕದಲ್ಲಿ, ಸಿನಿಮಾದಲ್ಲಿ ಅವು ಭದ್ರವಾಗಿವೆ. ರಾತ್ರಿ ಊಟ ಮುಗಿಸಿದರೆ ಬೆಂಗಳೂರಿಗೆ ಬಸ್ಸಿದೆ. ಡ್ರೈವರ್ ಅಣ್ಣನಿಗೆ ಊಟ ಮಾಡಿಸಿಯೇ ಕಳಿಸಿ, ಅವರು ಕತ್ತಲಲ್ಲಿ ಸಾಗರದವರೆಗೆ ಒಬ್ಬರೇ ಹೋಗಬೇಕು.

ಹೋಗೋರಿಗೆ ನಾಲ್ಕು ಮಾತು

ಯಾರದೇ ಮನೆ ಅಂಗಳಕ್ಕೆ ಕಾಲಿಡೋ ಮೊದಲು ಕರೆದು ಕೇಳಿ. “ಅಮ್ಮಾ, ಒಳಗೆ ಬರಬಹುದಾ?” ಅಂದ್ರೆ ಸಾಕು, ಕುಡಿಯೋಕೆ ಏನಾದ್ರೂ ಕೊಡದೆ ಕಳಿಸಲ್ಲ. ಕೇಳದೆ ಡ್ರೋನ್ ಹಾರಿಸಬೇಡಿ, ಬಚ್ಚಲಿಗೂ ಮಾಡಿಲ್ಲದ ಅಂಗಳಗಳಿವೆ.

ಅಡಿಕೆ ಸುಲಿಯೋರ ಫೋಟೋ ತೆಗೆಯೋದಾದ್ರೆ ಅವರನ್ನೂ ಕೇಳಿ. ಅವರು ಡಬ್ಬದ ಲೆಕ್ಕದಲ್ಲಿ ದುಡಿಯೋರು, ನಿಮ್ಮ ಪೋಸಿಗಾಗಿ ಕೈ ನಿಲ್ಲಿಸಿದರೆ ಅವರ ದುಡ್ಡು ಹೋಗುತ್ತೆ.

ಉಪ್ಪಿನಕಾಯಿ, ತೊಡೆದೇವು, ಜೇನುತುಪ್ಪ, ಚರಕದ ಬಟ್ಟೆ, ಇಂಥದ್ದನ್ನ ಊರಿನಲ್ಲೇ ಕೊಳ್ಳಿ. ಉಳಿದುಕೊಳ್ಳೋದಾದ್ರೆ ಮನೆಯವರೇ ವಾಸ ಇದ್ದು ನಡೆಸೋ ಹೋಂಸ್ಟೇ ಹುಡುಕಿ. ನೀವು ಕೊಟ್ಟ ಬಾಡಿಗೆಯಲ್ಲಿ ಆ ವರ್ಷದ ಹಂಚಿನ ಖರ್ಚಾದರೂ ಹುಟ್ಟುತ್ತೆ.

ನಾಲ್ಕನೆಯದು, ಈ ತಾಲ್ಲೂ­ಕುಗಳಲ್ಲಿ ಅಜ್ಜನ ಮನೆಯೋ ದೊಡ್ಡಪ್ಪನ ಮನೆಯೋ ಇರೋರಿಗೆ. ನಿಮ್ಮ ಡೇ ಟ್ರಿಪ್ಪಿನಲ್ಲಿ ಆ ಮನೆಗೂ ಒಂದು ಗಂಟೆ ಇಡಿ. ಅಲ್ಲಿ ಇರೋರನ್ನ ಕೇಳಿ: ಈ ವರ್ಷ ಹಂಚು ಕೈಯಾಡಿಸಿದ್ರಾ, ಯಾರು ಬಂದಿದ್ರು, ಎಷ್ಟಾಯ್ತು?

ನಾವು ವಾಪಸ್ ಬಂದ ವಾರ ಅಮ್ಮ ನಮ್ಮ ಕುಟುಂಬದ ವಾಟ್ಸಾಪ್ ಗ್ರೂಪಿನಲ್ಲಿ ಮಾವ ಹೇಳಿದ್ದನ್ನೆಲ್ಲ ಹೇಳಿದ್ದಷ್ಟೇ ಹಾಕಿದರು, ತಮ್ಮದೊಂದು ಮಾತೂ ಸೇರಿಸಲಿಲ್ಲ. ಎರಡು ದಿನ ಯಾರೂ ಏನೂ ಬರೀಲಿಲ್ಲ. ಮೂರನೇ ದಿನ ಮಸ್ಕತ್‌ನಲ್ಲಿರೋ ಮಾವನ ಮಗ ದುಡ್ಡು ಕಳಿಸ್ತೀನಿ ಅಂದ. ಮಾವ ಫೋನಿನಲ್ಲಿ ಕೇಳಿಸಿಕೊಂಡು, “ದುಡ್ಡು ಬ್ಯಾಡ ಅನ್ನಲ್ಲ. ಆದ್ರೆ ಹತ್ತೋಕೆ ಜನ ಬೇಕು” ಅಂದ್ರು. ಮೊಮ್ಮಕ್ಕಳು ನಾವು ಒಂಬತ್ತು ಜನ. ಐದು ಜನ ಬರ್ತೀವಿ ಅಂದಿದ್ದೀವಿ, ಮೇ ಮೊದಲ ವಾರಾಂತ್ಯಕ್ಕೆ. ಗೆಳತಿ ಆರನೆಯವಳು. ಅವಳ ಅಜ್ಜಿಯ ಮನೆ ಸೊರಬದ ಕಡೆ ಇದೆ, ಮುಯ್ಯಿ ತೀರಿಸೋಕೆ ನಾವು ಅಲ್ಲಿಗೆ ಹೋಗಬೇಕಂತೆ.

ಕಂಬ ಕೇಳಿದವರಿಗೆ ಮಾವ ಇಲ್ಲ ಅಂತ ಹೇಳಿಲ್ಲ. ಈ ಮಳೆಗಾಲ ಕಳೀಲಿ, ನೋಡೋಣ ಅಂತ ಹೇಳಿದ್ದಾರೆ. ಒಂದು ಮಳೆಗಾಲದ ಸಮಯ ನಮಗೆ ಸಿಕ್ಕಿದೆ. ತಾಳಗುಪ್ಪ ರೈಲಿಗೆ ಟಿಕೆಟ್ ಆಗಿದೆ.